ಎತ್ತಿ, ಒತ್ತಿ, ಎಳೆಯಿರಿ

ನನಗೆ ಕುಡಿತವಿಲ್ಲ, ಇಸ್ಪೀಟಿಲ್ಲ, ನಶ್ಯದ ಡಬ್ಬಿಯನ್ನು ಮುಟ್ಟಿದವನೂ ಅಲ್ಲ. ಇರುವುದು ಒಂದೇ ಚಟ. ಯಾವ ಬಾಗಿಲೇ ಆಗಲಿ, ತೆರೆಯುವ ಮುಂಚೆ ಅದರ ಹಿಡಿಯನ್ನು ತುಸು ಮೇಲಕ್ಕೆ ಎತ್ತುತ್ತೇನೆ, ಭುಜದಿಂದ ಒಮ್ಮೆ ಒತ್ತುತ್ತೇನೆ, ಆಮೇಲೆ ಎಳೆಯುತ್ತೇನೆ. ಬ್ಯಾಂಕಿನ ಬಾಗಿಲು, ಡಾಕ್ಟರ ಬಾಗಿಲು, ಪರಿಚಯದವರ ಮನೆಯ ಬಾಗಿಲು ಎಂಬ ಭೇದವಿಲ್ಲ. ಹೋದ ತಿಂಗಳು ಗುರ್‌ಗಾಂವಿನ ಒಂದು ಮಾಲಿನಲ್ಲಿ ಆಳೆತ್ತರದ ಗಾಜಿನ ಬಾಗಿಲಿಗೆ ಇದೇ ಉಪಚಾರ ಮಾಡಲು ಹೋದೆ. ನಾನು ಹತ್ತಿರ ಬಂದ ಕೂಡಲೇ ಅದು ತಾನಾಗಿಯೇ ಪಕ್ಕಕ್ಕೆ ಸರಿದುಕೊಂಡಿತು. ಒತ್ತಲೆಂದು ಭುಜ ಚಾಚಿದ್ದ ನಾನು ಮಾಲಿನೊಳಗೆ ಯಾರೂ ಹೋಗದಷ್ಟು ವೇಗದಲ್ಲಿ ಹೋದೆ. ಕಾವಲಿನವನು "ಸಂಭಲ್ ಕೇ, ಅಂಕಲ್‌ಜೀ" ಎಂದು ಹಿಡಿದು ನಿಲ್ಲಿಸಿದ. ಹಿಂದೆ ಬರುತ್ತಿದ್ದ ನನ್ನ ಹೆಂಡತಿ ಸುಲೋಚನ, ನಾನು ಯಾರೋ ಏನೋ ಎಂಬಂತೆ ಚಪ್ಪಲಿ ಅಂಗಡಿಯ ಕಡೆ ನೋಡುತ್ತ ನಡೆದುಬಿಟ್ಟಳು.

ಈ ಚಟ ಹತ್ತಿದ್ದು ಲೋಧಿ ಕಾಲೋನಿಯ ಸರ್ಕಾರಿ ಕ್ವಾರ್ಟರ್ಸಿನಲ್ಲಿ. ಆಗ ನಾನು ಒಂದು ಮಿನಿಸ್ಟ್ರಿಯಲ್ಲಿ ಸೆಕ್ಷನ್ ಆಫೀಸರ್. ನಮಗೆ ಸಿಕ್ಕಿದ್ದು ಹಳೆಯ ಮನೆ. ದಪ್ಪ ಗೋಡೆ, ಎತ್ತರದ ಸೂರು, ಹಿತ್ತಲಲ್ಲಿ ಬೇವಿನ ಮರ. ಬಚ್ಚಲಮನೆಯ ಬಾಗಿಲೊಂದನ್ನು ಬಿಟ್ಟರೆ ಎಲ್ಲವೂ ಚೆನ್ನಾಗಿತ್ತು. ಅದು ಯಾವ ಕಾಲದಲ್ಲೋ ಜೋತುಬಿದ್ದು, ಸುಮ್ಮನೆ ಎಳೆದರೆ ಅಲುಗುತ್ತಲೇ ಇರಲಿಲ್ಲ. ಹಿಡಿಯನ್ನು ಎತ್ತಬೇಕು, ಎತ್ತಿದ್ದನ್ನು ಬಿಡದೆ ಭುಜದಿಂದ ಒತ್ತಬೇಕು, ಒಳಗೆಲ್ಲೋ 'ಕಟಕ್' ಎಂದು ಕೇಳಿಸಿದ ಮೇಲೆ ಎಳೆಯಬೇಕು. ಮಳೆಗಾಲದಲ್ಲಿ ಮರ ಉಬ್ಬುತ್ತಿದ್ದುದರಿಂದ ಮೊಣಕಾಲಿನ ನೆರವೂ ಬೇಕಾಗುತ್ತಿತ್ತು. ಜನವರಿಯ ಚಳಿಯಲ್ಲಿ ಅದೇ ಮರ ಮುದುಡಿ, ಗಾಳಿ ಬೀಸಿದರೂ ತೆರೆದುಕೊಳ್ಳುತ್ತಿತ್ತು. ಆಗ ಒಳಗಿದ್ದವರು ಗಟ್ಟಿಯಾಗಿ ಹಾಡುತ್ತಿರಬೇಕು. ಕಂಪ್ಲೇಂಟ್ ಕೊಟ್ಟಿದ್ದರೆ ಯಾರಾದರೂ ಬಂದು ಸರಿಮಾಡುತ್ತಿದ್ದರು. ನಾನು ಕೊಡಲಿಲ್ಲ. ನನಗೆ ಆ ಬಾಗಿಲಿನ ಮೇಲೆ ಪ್ರೀತಿಯಿತ್ತು.

ಪ್ರೀತಿಗೆ ಕಾರಣ ನೆಂಟರು. ದೆಹಲಿಯಲ್ಲಿ ಮನೆ ಮಾಡಿದ ಕನ್ನಡಿಗನಿಗೆ ನೆಂಟರ ಬರ ಎಂಬುದು ಎಂದೂ ಇಲ್ಲ. ಬೇಸಿಗೆ ರಜೆ ಶುರುವಾಯಿತೆಂದರೆ, ದಸರೆ ಕಳೆದು ಬಿಸಿಲು ಇಳಿಯಿತೆಂದರೆ ಸಾಕು, ಆಗ್ರಾ ನೋಡುವವರು, ಹರಿದ್ವಾರಕ್ಕೆ ಹೊರಟವರು, ಇಂಟರ್‌ವ್ಯೂಗೆ ಬಂದವರು, ಇಂಟರ್‌ವ್ಯೂಗೆ ಬಂದವರ ಜೊತೆಗೆ ಬಂದವರು, ಎಲ್ಲರೂ ನಿಜಾಮುದ್ದೀನ್ ಸ್ಟೇಷನ್ನಿನಲ್ಲಿ ಇಳಿದು ನೇರ ನಮ್ಮ ಮನೆಗೆ. ಕಾಫಿ ಕುಡಿದ ಕೂಡಲೇ ನಾನು ಅವರನ್ನು ಮನೆಯೊಳಗೇ ಒಂದು ಸುತ್ತು ಕರೆದೊಯ್ಯುತ್ತಿದ್ದೆ. ಕೆಂಪು ಗುರುತಿನ ನಲ್ಲಿಯಲ್ಲಿ ತಣ್ಣೀರು, ನೀಲಿಯಲ್ಲಿ ಬಿಸಿನೀರು. ದೀಪದ್ದೆಂದು ಕಾಣುವ ಸ್ವಿಚ್ಚು ಫ್ಯಾನಿನದು. ಫ್ಯಾನಿನದೆಂದು ಕಾಣುವುದು ಯಾವುದರದೂ ಅಲ್ಲ. ಕೂಲರಿಗೆ ಸ್ವಿಚ್ ಹಾಕಿದ ಮೇಲೆ ಎಡಪಕ್ಕಕ್ಕೆ ಒಂದು ಗುದ್ದು, ಸಿಟ್ಟಿನಿಂದಲ್ಲ, ಸಲಿಗೆಯಿಂದ. ಕೊನೆಗೆ ಬಚ್ಚಲ ಬಾಗಿಲು. "ಎತ್ತಿ, ಒತ್ತಿ, ಎಳೀರಿ" ಎಂದು ನಾನೇ ಮಾಡಿ ತೋರಿಸಿ, ಅವರ ಕೈಯಿಂದಲೂ ಮಾಡಿಸಿ, 'ಕಟಕ್' ಬಂದರೆ ಶಾಭಾಸ್‌ಗಿರಿ ಕೊಡುತ್ತಿದ್ದೆ. ಆಫೀಸಿನಲ್ಲಿ ನನ್ನ ಮಾತಿಗೆ ಯಾರೂ ಇಷ್ಟು ಗಮನ ಕೊಡುತ್ತಿರಲಿಲ್ಲ ಎಂಬುದನ್ನು ಇಲ್ಲಿ ಸೇರಿಸಬೇಕು. ಒಮ್ಮೆ ಹೆಂಡತಿಯ ಊರಾದ ತಿಪಟೂರಿನ ಮದುವೆಯೊಂದರಲ್ಲಿ ಗುರುತೇ ಇಲ್ಲದ ಒಬ್ಬ ಹೆಂಗಸು ನನ್ನನ್ನು ದಿಟ್ಟಿಸಿ, "ನೀವು ಆ ಬಾಗಿಲಿನವರಲ್ವಾ?" ಎಂದು ಕೇಳಿದ್ದರು. ಊಟ ಮುಗಿಯುವ ತನಕ ನನಗೆ ನೆಲ ಕಾಣಿಸಲಿಲ್ಲ.

ನನ್ನ ಬುದ್ಧಿ ಹೀಗಾಗಿದ್ದಕ್ಕೆ ಬೇರು ಅರಸೀಕೆರೆಯಲ್ಲಿದೆ. ಅಲ್ಲಿ ನಮ್ಮಪ್ಪ ರೈಲ್ವೆ ಪಾರ್ಸೆಲ್ ಆಫೀಸಿನಲ್ಲಿ ಗುಮಾಸ್ತರು. ಮನೆಯಲ್ಲಿದ್ದ ಒಂದು ರೇಡಿಯೋ, ಎಡಪಕ್ಕಕ್ಕೆ ಯಾರಾದರೂ ಅಂಗೈ ಇಟ್ಟರೆ ಮಾತ್ರ ಮಾತಾಡುತ್ತಿತ್ತು. ಎಲ್ಲರ ಅಂಗೈ ಅದಕ್ಕೆ ಒಗ್ಗುತ್ತಿರಲಿಲ್ಲ. ನನ್ನದಕ್ಕೆ ಗೊರಗೊರ, ಅಪ್ಪನದಕ್ಕೆ ಸಿಂಹಳದ ಯಾವುದೋ ಸ್ಟೇಷನ್ನು. ತಂಗಿ ಸರಸಿಯ ಕೈ ಬಿದ್ದರೆ ಸ್ಪಷ್ಟವಾಗಿ ಬೆಂಗಳೂರು. ಹಾಗಾಗಿ ಕ್ರಿಕೆಟ್ ಕಾಮೆಂಟರಿ ಇದ್ದಾಗಲೆಲ್ಲ ಪಾಪದ ಹುಡುಗಿ ಆಶೀರ್ವಾದ ಮಾಡುವವಳ ಹಾಗೆ ರೇಡಿಯೋ ಪಕ್ಕ ನಿಂತಿರುತ್ತಿದ್ದಳು. ಅಪ್ಪನ ಕೊಡೆಯನ್ನು ತಲೆಕೆಳಗು ಹಿಡಿದು ಎರಡು ಸಲ ಕುಲುಕದಿದ್ದರೆ ಬಿಚ್ಚಿಕೊಳ್ಳುತ್ತಿರಲಿಲ್ಲ. ಒಮ್ಮೆ ಮಳೆಯಲ್ಲಿ, ಜಗಲಿಯ ಮೊಳೆಗೆ ನೇತುಹಾಕಿದ್ದ ಅದನ್ನು ಯಾರೋ ಕದ್ದುಕೊಂಡು ಹೋದರು. ಮಾರನೆಯ ಬೆಳಿಗ್ಗೆ ನೋಡಿದರೆ ಅದೇ ಮೊಳೆಗೆ ನೇತಾಡುತ್ತಿತ್ತು. ಕದ್ದವನು ಬಿಚ್ಚಲಾಗದೆ, ಪೂರ್ತಿ ನೆನೆದು, ತಂದಿಟ್ಟು ಹೋಗಿದ್ದ. ಅಪ್ಪ ಕೊಡೆಯನ್ನು ಸವರುತ್ತ, "ಇದಕ್ಕೆ ನಮ್ಮ ಮನೆಯೋರು ಯಾರು ಅಂತ ಗೊತ್ತು ಕಣೋ" ಎಂದರು. ವಸ್ತುಗಳ ಬಗ್ಗೆ ನನ್ನ ತತ್ತ್ವಜ್ಞಾನವೆಲ್ಲ ಆ ಒಂದು ಮಾತಿನಷ್ಟೆ.

ಈ ತತ್ತ್ವಕ್ಕೆ ಎದುರಾಳಿ ಹುಟ್ಟಿದ್ದು ನನ್ನ ಮನೆಯಲ್ಲೇ. ಪಲ್ಲವಿ ನಮ್ಮ ಒಬ್ಬಳೇ ಮಗಳು. ದೆಹಲಿಯಲ್ಲಿ ಹುಟ್ಟಿ ಬೆಳೆದವಳು; ಕನ್ನಡದಲ್ಲಿ ಶುರುಮಾಡಿದ್ದನ್ನು ಹಿಂದಿಯಲ್ಲಿ ಮುಗಿಸುವವಳು, ಸಿಟ್ಟು ಬಂದರೆ ಇಂಗ್ಲಿಷಿಗೆ ಹೋಗುವವಳು. ಡಾಕ್ಟರೋ ಇಂಜಿನಿಯರೋ ಎಂದು ನಾವು ಲೆಕ್ಕ ಹಾಕುತ್ತಿದ್ದಾಗ ಅವಳು ಗ್ರೇಟರ್ ನೋಯ್ಡಾದ ಒಂದು ಕಾಲೇಜಿನಲ್ಲಿ ಡಿಸೈನ್ ಕಲಿಯಲು ಸೇರಿದಳು. ಆಫೀಸಿನಲ್ಲಿ ಹೇಳಿದಾಗ ಎಲ್ಲರೂ ತಮ್ಮ ಹೆಂಡತಿಯರ ಬ್ಲೌಸಿನ ಮಾತೆತ್ತಿದರು. ಬಟ್ಟೆಯಲ್ಲ, ಚಮಚ, ಕುರ್ಚಿ, ನಲ್ಲಿ, ಇಂಥವನ್ನು ಎಂದು ವಿವರಿಸಿದರೆ, "ಅದನ್ನೆಲ್ಲ ಆಗಲೇ ಮಾಡಿಬಿಟ್ಟಿದ್ದಾರಲ್ಲ?" ಎಂದರು. ನನಗೂ ಒಳಗೊಳಗೆ ಅದೇ ಅನುಮಾನವಿತ್ತು.

ಹಾಸ್ಟೆಲಿನಿಂದ ಶನಿವಾರ ಒಗೆಯುವ ಬಟ್ಟೆ ಹೊತ್ತು ಬರುವ ಮಗಳಿಗೆ ನಮ್ಮ ಮನೆಯಲ್ಲಿ ಯಾವುದೂ ಸರಿಕಾಣದಾಯಿತು. ಟಿವಿಗೆ ಕ್ರೋಶಾದ ಹೊದಿಕೆ ಯಾಕೆ, ಫ್ರಿಜ್ಜಿನ ಹಿಡಿಗೆ ಬಟ್ಟೆ ಯಾಕೆ, ರಿಮೋಟಿಗೆ ನಂಬರೇ ಕಾಣದಂತೆ ಪ್ಲಾಸ್ಟಿಕ್ ಯಾಕೆ?

"ಅಮ್ಮಾ, ಈ ಸೋಫಾದ ಬಣ್ಣ ಯಾವುದು?"

"ಒಳಗಡೆ ಮೆರೂನು. ತುಂಬಾ ಚೆನ್ನಾಗಿದೆ."

"ಯಾರು ನೋಡಿದಾರೆ?"

"ಅಂಗಡಿಯವನು ನೋಡಿದಾನೆ" ಎಂದಳು ಸುಲೋಚನ.

ಅಡುಗೆಮನೆಗೆ ಹೋದರೆ ಒಂದೇ ಥರದ ಸ್ಟೀಲ್ ಡಬ್ಬಿಗಳ ಸಾಲು. "ಇದರಲ್ಲಿ ಸಾಸಿವೆ ಯಾವುದು ಅಂತ ಯೂಸರ್‌ಗೆ ಹೇಗೆ ಗೊತ್ತಾಗ್ಬೇಕು?"

"ಯೂಸರ್ ಯಾರು?"

"ಅರೇ, ನೀನೇ ಅಮ್ಮ."

"ನಾನು ಯೂಸರ್ ಅಲ್ಲ ಕಣೇ, ಸುಲೋಚನ. ನಂಗೆ ಸಾಸಿವೆ ಎಲ್ಲಿದೆ ಅಂತ ಗೊತ್ತು."

ನನ್ನ ಬಾಗಿಲಿನ ವಿಚಾರಕ್ಕೆ ಬಂದಾಗ ಮಾತ್ರ ಅವಳ ದನಿ ಗಂಭೀರವಾಗುತ್ತಿತ್ತು. "ಅಪ್ಪಾ, ನನ್ನ ಹೀಗೆ ಹಿಡ್ಕೋ ಅಂತ ವಸ್ತು ತಾನೇ ಹೇಳ್ಬೇಕು. ಬಾಗಿಲು ತೆಗೆಯೋಕೆ ಭಾಷಣ ಬೇಕು ಅಂದ್ರೆ, ಸಾರಿ, ಆ ಬಾಗಿಲೇ ಫೇಲ್."

"ಮೊದಲನೇ ದಿನಾನೇ ಎಲ್ಲಾ ಹೇಳ್ಬಿಡೋ ವಸ್ತು ಜೊತೆ ಮಾರನೇ ದಿನ ಏನು ಮಾತಾಡೋದು?"

"ಬಚ್ಚಲ ಬಾಗಿಲ ಜೊತೆ ಯಾರಪ್ಪಾ ಮಾತಾಡ್ತಾರೆ?"

"ಮಳೆಗಾಲದಲ್ಲಿ ನಿಮ್ಮಮ್ಮನ್ನ ಕೇಳು" ಎಂದೆ.

ಮೂರನೆಯ ವರ್ಷದಲ್ಲಿ ಅವಳ ಮೇಷ್ಟ್ರು ಒಂದು ಕೆಲಸ ಕೊಟ್ಟರು. ಮನೆಯಲ್ಲಿ ತೊಂದರೆ ಕೊಡುವ ಒಂದು ವಸ್ತುವನ್ನು ಆರಿಸಿ ಹೊಸದಾಗಿ ರೂಪಿಸಬೇಕು. ಆಮೇಲೆ ಅದನ್ನು ಹಿಂದೆ ಕಾಣದ ಒಬ್ಬರು, ಯಾರೂ ಏನೂ ಹೇಳಿಕೊಡದೆ ಬಳಸುವುದನ್ನು ವಿಡಿಯೋ ಮಾಡಿ ತೋರಿಸಬೇಕು. ಇದಕ್ಕೆ ಮುಂಚಿನ ಕೆಲಸದಲ್ಲಿ ಪಲ್ಲವಿ ಮಾಡಿದ ನೀರಿನ ಹೂಜಿ ಸೋರಿ ಮೇಷ್ಟ್ರ ಪ್ಯಾಂಟು ಒದ್ದೆಯಾಗಿತ್ತು. ಇದೂ ಕೆಟ್ಟರೆ ಒಂದು ವರ್ಷವೇ ಹೋಗುತ್ತದೆ ಎಂದು ಅವಳು ಹೇಳಿದಾಗ ನಗುತ್ತಿರಲಿಲ್ಲ. ಯಾವ ವಸ್ತುವನ್ನು ಆರಿಸಿದ್ದೀಯೆ ಎಂದು ನಾನು ಕೇಳಲಿಲ್ಲ. ಅವಳು ಬಚ್ಚಲ ಬಾಗಿಲಿನ ಮುಂದೆ ಮೂಢಾ ಎನ್ನುವ ಬೆತ್ತದ ಪೀಠ ಹಾಕಿಕೊಂಡು, ಸ್ಕೆಚ್ ಪುಸ್ತಕ ಬಿಚ್ಚಿ ಕೂತಿದ್ದಳು.

"ನೀವು ಹೋಗಿ ಬನ್ನಿ ಅಪ್ಪಾ. ನಾನು ಅಬ್ಸರ್ವ್ ಮಾಡ್ತಿದೀನಿ ಅಷ್ಟೆ. ನ್ಯಾಚುರಲ್ ಆಗಿರಿ."

ಟವೆಲ್ ಹೆಗಲಿಗೆ ಹಾಕಿಕೊಂಡು ಹೊರಟ ಗಂಡಸು, ಮಗಳು ಪೆನ್ಸಿಲ್ ಹಿಡಿದು ಭುಜದ ಕೋನ ಅಳೆಯುತ್ತಿರುವಾಗ ನ್ಯಾಚುರಲ್ ಆಗಿರುವುದು ಹೇಗೆಂದು ನೀವೇ ಹೇಳಿ. ಆ ಭಾನುವಾರ ನಾನು ಸ್ನಾನವನ್ನೇ ಸೋಮವಾರಕ್ಕೆ ಮುಂದೂಡಿದೆ.

ಕೆಲವು ವಾರಗಳಲ್ಲಿ ಹೊಸ ಬಾಗಿಲು ಸಿದ್ಧವಾಯಿತು. ಮರ ಹಳೆಯದೇ, ಕೋಟ್ಲಾದ ಬಡಗಿಯೊಬ್ಬನಿಂದ ಮೇಲೆ ಕೆಳಗೆ ಚೆನ್ನಾಗಿ ಹೆರೆಸಿದ್ದಳು. ಹಿಡಿಯನ್ನು ಮಾತ್ರ ಶೀಶಮ್ ಮರದಲ್ಲಿ ತಾನೇ ಕೆತ್ತಿದ್ದಳು. ಒಪ್ಪಿಕೊಳ್ಳಲೇಬೇಕು, ಅದು ಚೆಲುವಾಗಿತ್ತು. ಅಂಗೈ ಇಟ್ಟರೆ ಅಂಗೈಗಾಗಿಯೇ ಕಾದಿತ್ತೋ ಎಂಬಂತೆ ಕೂರುತ್ತಿತ್ತು. ಒಂದೇ ಬೆರಳಿನಿಂದ ಎಳೆದರೂ ಬಾಗಿಲು ಸದ್ದಿಲ್ಲದೆ ತೆರೆಯುತ್ತಿತ್ತು. ಮಗಳ ಕೈಯಿಂದ ಇಷ್ಟು ಒಳ್ಳೆಯ ವಸ್ತುವೊಂದು ಬಂದಿತಲ್ಲ ಎಂದು ಹೆಮ್ಮೆಯಾಯಿತು. 'ಕಟಕ್' ಇನ್ನಿಲ್ಲವಲ್ಲ ಎಂದು ಬೇಜಾರೂ ಆಯಿತು. ರಿಪೇರಿ ಸುಲಭವಾಗಲೆಂದು ಅವಳು ಹೊಸ ಥರದ ಕೀಲುಗಳನ್ನು ಹಾಕಿಸಿದ್ದಳು. ನೇರವಾಗಿ ಮೇಲಕ್ಕೆತ್ತಿದರೆ ಇಡೀ ಬಾಗಿಲು ಕಳಚಿ ಕೈಗೆ ಬರುತ್ತಿತ್ತು.

"ಯಾರಾದ್ರೂ ಸುಮ್ಮನೆ ಎತ್ತಿಬಿಟ್ರೆ?" ಎಂದೆ.

"ಬಾಗಿಲನ್ನ ಯಾರು ಎತ್ತುತ್ತಾರೆ ಅಪ್ಪಾ, ನಿಮ್ಮನ್ನ ಬಿಟ್ಟು?"

ಅದೂ ನಿಜವೇ. ಅಂದಿನಿಂದ ನಾನು ಬಲಗೈಯನ್ನು ಬೆನ್ನ ಹಿಂದೆ ಕಟ್ಟಿಕೊಂಡು ಎಡಗೈಯ ಒಂದು ಬೆರಳಿನಿಂದ ಬಾಗಿಲು ತೆರೆಯುವುದನ್ನು ಅಭ್ಯಾಸ ಮಾಡಿಕೊಂಡೆ.

ಇನ್ನು ಬೇಕಾಗಿದ್ದವರು ಈ ಬಾಗಿಲನ್ನು ಕಾಣದ ಒಬ್ಬರು. ಅಷ್ಟರಲ್ಲೇ ತಿಪಟೂರಿನಿಂದ ಶ್ರೀಪತಿ ಮಾವನ ಫೋನು ಬಂತು. ಅವರು ಸುಲೋಚನಳ ಸೋದರಮಾವ, ಹೈಸ್ಕೂಲಿನಲ್ಲಿ ಪಿ.ಟಿ. ಮೇಷ್ಟರಾಗಿದ್ದು ರಿಟೈರಾದವರು. ಹುಬ್ಬಳ್ಳಿಯಿಂದಾಚೆ ಎಂದೂ ಕಾಲಿಟ್ಟವರಲ್ಲ. ಹರಿದ್ವಾರಕ್ಕೆ ಹೋಗುವ ಮುಂಚೆ ನಮ್ಮಲ್ಲಿ ಇಳಿಯುತ್ತಾರಂತೆ. ಪಲ್ಲವಿ ಕುಣಿದಾಡಿದಳು. "ಪರ್ಫೆಕ್ಟ್! ತಾತ ಏಕ್‌ದಂ ಫ್ರೆಶ್ ಯೂಸರ್!" ಆಮೇಲೆ ನನ್ನ ಕಡೆ ತಿರುಗಿ, "ಅಪ್ಪಾ, ನಿಮ್ಮ ಟೂರ್ ಬಂದ್. ಒಂದು ಮಾತೂ ಆಡಬಾರದು. ಕಣ್ಣಲ್ಲೂ ಹೇಳಬಾರದು. ನನ್ನ ವರ್ಷದ ಪ್ರಶ್ನೆ, ಪ್ಲೀಸ್" ಎಂದಳು. ನಾನು ಅವಳ ತಲೆ ಮುಟ್ಟಿ ಆಣೆ ಮಾಡಿದೆ.

ಮಾವ ಬಂದರು. ವಯಸ್ಸಾದರೂ ಗರಡಿಯ ಮೈ. ಕಾಫಿ ಕುಡಿದರು, ರೈಲಿನ ಊಟವನ್ನು ಬೈದರು. ನನಗೋ ನಾಲಿಗೆ ತುದಿಯಲ್ಲಿ ನಲ್ಲಿ, ಸ್ವಿಚ್ಚು, ಕೂಲರು ಎಲ್ಲ ಕುಣಿಯುತ್ತಿವೆ. ಬಾಯಿ ತಪ್ಪಬಾರದೆಂದು ಅವರೇ ತಂದ ಚಕ್ಕುಲಿಯನ್ನು ಬಾಯಿ ತುಂಬ ತುರುಕಿಕೊಂಡು ಕೂತೆ. ಪಲ್ಲವಿ ಗೆಳತಿಯಿಂದ ತಂದ ವಿಡಿಯೋ ಕ್ಯಾಮೆರಾ ಹಿಡಿದು ಪ್ಯಾಸೇಜಿನಲ್ಲಿ ನಿಂತಳು. "ತಾತ, ಬಾತ್‌ರೂಮ್ ಇಲ್ಲಿದೆ" ಎಂದಳು, ಅಷ್ಟೆ.

ಮಾವ ಟವೆಲ್ಲನ್ನು ಸೊಂಟಕ್ಕೆ ಬಿಗಿದರು. ಬಾಗಿಲಿನ ಮುಂದೆ ಕಾಲು ಅಗಲಿಸಿ ನಿಂತು ಭುಜಗಳನ್ನು ಒಮ್ಮೆ ತಿರುಗಿಸಿಕೊಂಡರು. ಆ ನಿಲುವು ನನಗೆ ಚೆನ್ನಾಗಿ ಗುರುತಿತ್ತು. ಅವರು ಶೀಶಮ್ ಹಿಡಿಯನ್ನು ಎರಡೂ ಕೈಯಲ್ಲಿ ಹಿಡಿದರು.

"ಒಂದ್!" ಎಂದು ಎತ್ತಿದರು. "ಎರಡ್!" ಎಂದು ಭುಜ ಕೊಟ್ಟರು. "ಮೂರ್!"

ಬಾಗಿಲು ಬಂತು. ತೆರೆದುಕೊಂಡು ಬರಲಿಲ್ಲ, ಇಡಿಯಾಗಿ ಬಂತು. ಮಾವ ಅದನ್ನು ಎದೆಗವಚಿಕೊಂಡು ಹಿಂದೆ ಹಿಂದೆ ಹೆಜ್ಜೆ ಹಾಕಿ, ಫ್ರಿಜ್ಜಿಗೆ ಬೆನ್ನು ತಾಗಿದ ಮೇಲೆ ನಿಂತರು. ಬಾಗಿಲಿನ ಪಕ್ಕದಿಂದ ಅವರ ಮುಖ ಮಾತ್ರ ಇಣುಕಿತು.

"ಅಳಿಯಂದ್ರೇ, ತೆಗೆದೆ. ಈಗ ಇದನ್ನ ಎಲ್ಲಿಡ್ಲಿ?"

ಕ್ಯಾಮೆರಾ ಇನ್ನೂ ಓಡುತ್ತಿತ್ತು. ಪಲ್ಲವಿ ಅದನ್ನು ಕೆಳಗಿಳಿಸಿ ನನ್ನ ಕಡೆ ತಿರುಗಿದಳು. ಕಣ್ಣಲ್ಲಿ ನೀರು. "ಅಪ್ಪಾ, ಹೇಳ್ಬಿಟ್ರಲ್ಲ! ನೀವೇ ಫೋನ್ ಮಾಡಿ ಹೇಳಿದೀರ!"

ಇಲ್ಲವೆಂದು ಹೇಳಲು ಬಾಯಿ ತುಂಬ ಚಕ್ಕುಲಿ. ತಲೆ ಅಲ್ಲಾಡಿಸಿದೆ, ಕೈ ಅಲ್ಲಾಡಿಸಿದೆ. ಸುಲೋಚನ ಕೂಡ, ಈ ಮನುಷ್ಯನಿಂದ ಇನ್ನೇನು ತಾನೆ ನಿರೀಕ್ಷಿಸಬಹುದು ಎಂಬ ಮುಖ ಮಾಡಿದಳು. ನನ್ನನ್ನು ಕಾಪಾಡಿದವರು ಬಾಗಿಲು ಹೊತ್ತು ನಿಂತಿದ್ದ ಮಾವ.

"ಅವರ್ಯಾಕೆ ಹೇಳ್ಬೇಕು ಮಗೂ? ತಿಪಟೂರಲ್ಲಿ ಯಾರಿಗೆ ಗೊತ್ತಿಲ್ಲ? ದೆಹಲಿಗೆ ಸುಲೋಚನನ ಮನೆಗೆ ಹೋಗ್ತೀನಿ ಅಂದ್ರೆ ಸಾಕು, ದಾರೀಲಿ ಸಿಕ್ಕೋರೆಲ್ಲಾ ಹೇಳಿಕೊಡ್ತಾರೆ. ನಾನು ಪಕ್ಕದ ಮನೆ ಬಾಗಿಲಲ್ಲಿ ವಾರವೆಲ್ಲಾ ಪ್ರಾಕ್ಟೀಸ್ ಮಾಡ್ಕೊಂಡು ಬಂದಿದೀನಿ. ಅವರ ಬಾಗಿಲು ಸ್ವಲ್ಪ ಸಡಿಲ ಆಗಿದೆ, ಇರ್ಲಿ." ಅವರು ಬಾಗಿಲನ್ನು ನನ್ನ ಕೈಗೆ ಒಪ್ಪಿಸಿದರು. "ಈಗ ಇದನ್ನ ಹಿಡ್ಕೊಳಿ. ರೈಲಿಂದ ಇಳಿದಾಗಿಂದ ತಡ್ಕೊಂಡಿದೀನಿ."

ಹೀಗಾಗಿ ನಾನೂ ಸುಲೋಚನಳೂ ಆ ಕಡೆ ಈ ಕಡೆ ನಿಂತು, ಮದುವೆಯ ಅಂತಃಪಟ ಹಿಡಿದವರಂತೆ ಬಾಗಿಲನ್ನು ಚೌಕಟ್ಟಿಗೆ ಒತ್ತಿ ಹಿಡಿದೆವು. ಒಳಗಿಂದ ಮಾವ ಆಗಾಗ "ಸ್ವಲ್ಪ ಎಡಕ್ಕೆ, ಬೆಳಕು ಬರ್ತಿದೆ" ಎಂದು ಹೇಳುತ್ತಿದ್ದರು. ಪಲ್ಲವಿ ಮೂಢಾದ ಮೇಲೆ ಕೂತು ಅಳುತ್ತಿದ್ದಳು. "ವರ್ಷ ಹೋಯ್ತು ಅಮ್ಮಾ" ಎಂದಳು. ನನಗೆ ನಗು ಬರಲಿಲ್ಲ. ವರ್ಷಗಟ್ಟಲೆ ಬಂದವರಿ‌ಗೆಲ್ಲ ಹೇಳಿಕೊಟ್ಟು ಹೆಸರು ಗಳಿಸಿದ್ದೆನಲ್ಲ, ಆ ಹೆಸರೇ ತಿಪಟೂರಿನ ತನಕ ಹೋಗಿ, ತಿರುಗಿ ಬಂದು ನನ್ನ ಮಗುವಿನ ಬಾಗಿಲನ್ನು ಕಿತ್ತಿತ್ತು.

ಬೇರೆ ಯಾರನ್ನಾದರೂ ಕರೆದು ವಿಡಿಯೋ ಮಾಡಲು ಸಮಯವಿರಲಿಲ್ಲ. ಇದ್ದುದನ್ನೇ ತೆಗೆದುಕೊಂಡು ಹೋದಳು. ಅದನ್ನು ತೋರಿಸಿದ ದಿನ ಸಂಜೆ ಹಾಸ್ಟೆಲಿನಿಂದ ಫೋನು ಬಂದಾಗ ರಿಸೀವರಿಗೆ ನಾನೂ ಸುಲೋಚನಳೂ ಕಿವಿ ಹಚ್ಚಿದೆವು.

"ಮೇಷ್ಟ್ರು ಏನಂದ್ರು?"

"ನಕ್ಕರು. ಮತ್ತೆ ಹಾಕು ಅಂದ್ರು. ಮತ್ತೆ ನಕ್ಕರು. ಪಕ್ಕದ ಕ್ಲಾಸಿನವರನ್ನೂ ಕರೆದ್ರು. ಆಮೇಲೆ ಕೇಳಿದ್ರು, ನೀನು ಬಾಗಿಲನ್ನ ಅಷ್ಟು ನೋಡಿದೀಯ, ಬಾಗಿಲಿಗೆ ಬರೋರನ್ನ ನೋಡಿದೀಯಾ ಅಂತ. ರಜೆ ಮುಗಿಯೋವರೆಗೂ ಟೈಮ್ ಕೊಟ್ಟಿದಾರೆ ಅಪ್ಪಾ. ಫಿರ್ ಸೇ, ಹೊಸದಾಗಿ ಮಾಡ್ಬೇಕು."

ರಜೆಗೆ ಬಂದವಳು ಚೀಲವನ್ನು ಕೆಳಗಿಟ್ಟು ಮೊದಲು ಕೇಳಿದ್ದು, "ಅಪ್ಪಾ, ನಿಮ್ಮ ಟೂರ್ ಇದೆಯಲ್ಲ, ನಂಗೆ ಒಂದ್ಸಲ ಮಾಡಿಸಿ" ಎಂದು. ಆಗ ಹೊಳೆಯಿತು, ಊರಿನವರಿಗೆಲ್ಲ ಮಾಡಿಸಿದ್ದನ್ನು ಮಗಳಿಗೆ ನಾನು ಮಾಡಿಸಿಯೇ ಇರಲಿಲ್ಲ. ಆ ಮನೆಯಲ್ಲೇ ಬೆಳೆದವಳಿಗೆ ಯಾರು ಹೇಳಿಕೊಡುತ್ತಾರೆ? ನಾನು ಅವಳಿಗೆ ನಲ್ಲಿ ತೋರಿಸಿದೆ, ಸ್ವಿಚ್ಚು ತೋರಿಸಿದೆ, ಕೂಲರನ್ನು ಗುದ್ದಿದೆ. ಸರಸಿಯ ಅಂಗೈ, ಅಪ್ಪನ ಕೊಡೆ, ಎಲ್ಲವನ್ನೂ ಹೇಳಿದೆ. ಕೊಡೆ ಕದ್ದವನ ಕಥೆಗೆ ಅವಳು ಹೊಟ್ಟೆ ಹಿಡಿದುಕೊಂಡು ನಕ್ಕಳು. ಆಮೇಲೆ ಸ್ಕೆಚ್ ಪುಸ್ತಕ ತೆಗೆದು ಬಹಳ ಹೊತ್ತು ಏನೋ ಗೀಚಿದಳು.

ಎರಡನೆಯ ಸಲ ಅವಳು ಮಾಡಿದ ಹಿಡಿಯ ಗುಟ್ಟು ಇಷ್ಟೆ: ಎತ್ತಿದರೂ ಒಳಗಿನ ಚಿಲಕದ ನಾಲಗೆ ಹಿಂದೆ ಸರಿಯುತ್ತದೆ, ಒತ್ತಿದರೂ ಸರಿಯುತ್ತದೆ, ಏನೂ ಗೊತ್ತಿಲ್ಲದವನು ಸುಮ್ಮನೆ ಎಳೆದರೂ ಸರಿಯುತ್ತದೆ. ಕೀಲುಗಳನ್ನು ಮಾತ್ರ ಆನೆ ಎತ್ತಿದರೂ ಕಳಚದಂಥವನ್ನು ಹಾಕಿಸಿದಳು. ಆ ಬೇಸಿಗೆಯಲ್ಲಿ ಬಂದ ನೆಂಟರಲ್ಲಿ ಕೆಲವರು ಎತ್ತಿದರು, ಕೆಲವರು ಒತ್ತಿದರು, ಹೆಚ್ಚಿನವರು ಒಂದೂ ಬಿಡದೆ ಎಲ್ಲವನ್ನೂ ಮಾಡಿದರು. ಬಾಗಿಲು ಯಾರಿಗೂ ಇಲ್ಲವೆನ್ನಲಿಲ್ಲ. ಪಲ್ಲವಿ ಪಾಸಾದಳು.

ನಾನು ರಿಟೈರಾಗಿ ಕ್ವಾರ್ಟರ್ಸ್ ಬಿಡುವಾಗ ಸರ್ಕಾರದ ಹಳೆಯ ಹಿಡಿಯನ್ನು ಹುಡುಕಿ ಅದರ ಜಾಗಕ್ಕೆ ಹಾಕಿಸಿ, ಮಗಳ ಹಿಡಿಯನ್ನು ಬಿಚ್ಚಿ ತಂದೆ. ಈಗ ಅದು ಮಯೂರ್ ವಿಹಾರದ ನಮ್ಮ ಫ್ಲ್ಯಾಟಿನ ಬಚ್ಚಲ ಬಾಗಿಲಿನಲ್ಲಿದೆ. ಊರಿನಲ್ಲಿರುವ ಮಿಕ್ಕ ಬಾಗಿಲುಗಳೆಲ್ಲ ನನ್ನನ್ನು ಹುಚ್ಚನೆಂದು ತಿಳಿದಿವೆ. ಇದೊಂದು ಮಾತ್ರ ನಾನು ಎತ್ತಿದರೆ ಮೆಲ್ಲಗೆ 'ಕಟಕ್' ಎನ್ನುತ್ತದೆ. ಆ ಸದ್ದು ತಾನಾಗಿ ಬಂದದ್ದೋ, ಅವಳೇ ಒಳಗೆ ಏನಾದರೂ ಇಟ್ಟಳೋ ನನಗೆ ಗೊತ್ತಿಲ್ಲ. ಕೇಳಿದರೆ ನಗುತ್ತಾಳೆ.

ಹೋದ ವಾರ ಶ್ರೀಪತಿ ಮಾವ ಮತ್ತೆ ಬಂದಿದ್ದರು, ಈ ಸಲ ಬದರಿಗೆ ಹೊರಟು. ಭಾನುವಾರವಾದ್ದರಿಂದ ಪಲ್ಲವಿಯೂ ಮನೆಯಲ್ಲಿದ್ದಳು. ಈಗ ಅವಳು ಕುಕ್ಕರಿನ ಹಿಡಿ, ಫ್ಯಾನಿನ ಸ್ವಿಚ್ಚು ಇಂಥವನ್ನು ರೂಪಿಸುವ ಕೆಲಸದಲ್ಲಿದ್ದಾಳೆ. ಮಾವ ಕಾಫಿ ಕುಡಿದು, ಟವೆಲ್ ಹೆಗಲಿಗೆ ಹಾಕಿ ಬಚ್ಚಲ ಕಡೆ ಹೋದರು. ನಾನು ಹಳೆಯ ಆಣೆಯ ನೆನಪಿನಿಂದ ತುಟಿ ಪಿಟಕ್ಕೆನ್ನದೆ ಪೇಪರ್ ಹಿಡಿದು ಕೂತಿದ್ದೆ. ಎಷ್ಟು ಹೊತ್ತಾದರೂ ನೀರಿನ ಸದ್ದಿಲ್ಲ. ಇಣುಕಿ ನೋಡಿದರೆ ಮಾವ ಬಾಗಿಲಿನ ಮುಂದೆ ಕೈಗಳನ್ನು ಬೆನ್ನ ಹಿಂದೆ ಕಟ್ಟಿಕೊಂಡು, ಡ್ರಿಲ್ಲಿನ ವಿಶ್ರಾಮ್ ಭಂಗಿಯಲ್ಲಿ ನಿಂತೇ ಇದ್ದಾರೆ.

"ಏನು ಮಾವ, ಯಾಕೆ ನಿಂತಿದೀರ?"

"ಈ ಸಲ ಏನೂ ಮಾಡ್ಬೇಡಿ, ನಿಮ್ಮ ಮೊಮ್ಮಗಳು ಮಾಡಿರೋ ಬಾಗಿಲು, ತಾನೇ ತೆಗೆದುಕೊಳ್ಳುತ್ತೆ ಅಂತ ಊರಲ್ಲಿ ಎಲ್ಲಾ ಹೇಳಿ ಕಳಿಸಿದಾರೆ. ಕಾಯ್ತಾ ಇದೀನಿ" ಎಂದರು ಮಾವ. ಆಮೇಲೆ ದನಿ ತಗ್ಗಿಸಿ, "ಸ್ವಲ್ಪ ನಿಧಾನ ಅಲ್ವಾ, ಅಳಿಯಂದ್ರೇ?" ಎಂದರು.

ನಾನು ಬಾಯಿಗೆ ಕೈ ಅಡ್ಡ ಇಟ್ಟು ಪಲ್ಲವಿಯ ಕಡೆ ನೋಡಿದೆ. ಅವಳು ನಗುತ್ತ ನಗುತ್ತ ಸೋಫಾದಿಂದ ಜಾರಿ ನೆಲಕ್ಕೆ ಬಂದಿದ್ದಳು. ಕಣ್ಣು ಒರೆಸಿಕೊಂಡು, "ಹೇಳಿ ಅಪ್ಪಾ" ಎಂದಳು. "ನೀವೇ ಹೇಳಿಕೊಡಿ. ನಿಮ್ಮಷ್ಟು ಚೆನ್ನಾಗಿ ಯಾವ ಬಾಗಿಲೂ ಹೇಳಲ್ಲ."

ನಾನು ಪೇಪರ್ ಮಡಚಿಟ್ಟು ಎದ್ದೆ. ಗಂಟಲು ಸರಿಮಾಡಿಕೊಂಡೆ. ಮಾವ ಕಾಲು ಅಗಲಿಸಿ ನಿಂತರು.